ಮಳೆಗಾಲದ ಗಣಿತ ಪಾಠದಲ್ಲಿ ಪ್ರೊಜೆಕ್ಟರ್: ಹೊಸನಗರ ತಾಲ್ಲೂಕಿನ ಒಂದು ಸರ್ಕಾರಿ ಶಾಲೆಯ ಪ್ರಕರಣ ಅಧ್ಯಯನ

ಶಿವಮೊಗ್ಗ ಜಿಲ್ಲೆಯ ಹೊಸನಗರ ತಾಲ್ಲೂಕಿನಲ್ಲಿ, ಶರಾವತಿಯ ಹಿನ್ನೀರಿಗೆ ಹತ್ತಿರವಿರುವ ಒಂದು ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಒಂದು ಮಳೆಗಾಲದುದ್ದಕ್ಕೂ ಗಣಿತ ಪಾಠಕ್ಕೆ ಲ್ಯಾಪ್‌ಟಾಪ್ ಮತ್ತು ಪ್ರೊಜೆಕ್ಟರ್ ಬಳಕೆಯಾದ ಬಗೆಯನ್ನು ಈ ಬರಹ ವಿವರಿಸುತ್ತದೆ. ಶಾಲೆಯ ಮತ್ತು ಶಿಕ್ಷಕರ ಹೆಸರನ್ನು ಬೇಕೆಂದೇ ಬಿಟ್ಟಿದ್ದೇನೆ. ಮಲೆನಾಡಿನ ಎಷ್ಟೋ ಶಾಲೆಗಳ ಸ್ಥಿತಿ ಇದಕ್ಕಿಂತ ಬೇರೆಯೇನಲ್ಲವಾದ್ದರಿಂದ, ಹೆಸರಿಗಿಂತ ಇಲ್ಲಿ ನಡೆದದ್ದೇ ಓದುಗರಿಗೆ ಹೆಚ್ಚು ಉಪಯೋಗಕ್ಕೆ ಬರುತ್ತದೆ. ಅದೇ ಉಪಕರಣ, ಅದೇ ಕೊಠಡಿ, ಅದೇ ಶಿಕ್ಷಕರು ಇದ್ದರೂ ಮೊದಲ ವರ್ಷ ಕಲಿಕೆಯಲ್ಲಿ ಕಾಣದ ಫಲ ಎರಡನೆಯ ವರ್ಷ ಏಕೆ ಕಂಡಿತು ಎಂಬುದಷ್ಟೇ ಇಲ್ಲಿನ ಪ್ರಶ್ನೆ.

ಶಾಲೆ ಮತ್ತು ಉಪಕರಣ

ಶಾಲೆ ಸಣ್ಣದು. ಹಾಜರಿ ಕಡಿಮೆಯಿರುವುದರಿಂದ 6 ಮತ್ತು 7ನೇ ತರಗತಿಯ ಮಕ್ಕಳು ಒಂದೇ ಕೊಠಡಿಯಲ್ಲಿ ಕುಳಿತುಕೊಳ್ಳುತ್ತಾರೆ. ಗಣಿತ ಮತ್ತು ವಿಜ್ಞಾನ ಎರಡನ್ನೂ ಒಬ್ಬರೇ ಪದವೀಧರ ಶಿಕ್ಷಕರು ನೋಡಿಕೊಳ್ಳುತ್ತಾರೆ. ಕೊಠಡಿಗೆ ಹಳೆಯ ಹೆಂಚಿನ ಮಾಡು, ಅದರ ಮುಂದೆ ಜಗಲಿಗೆ ಹೊದಿಸಿದ ತಗಡು. ಜೂನ್‌ನಿಂದ ಆಗಸ್ಟ್‌ವರೆಗೆ ಮಧ್ಯಾಹ್ನವೂ ಒಳಗೆ ಮಬ್ಬುಗತ್ತಲು ಕವಿದಿರುತ್ತದೆ. ಇದು ಪ್ರೊಜೆಕ್ಟರಿಗೆ ಅನುಕೂಲವೇ ಸರಿ, ಆದರೆ ಆ ತಿಂಗಳುಗಳಲ್ಲಿಯೇ ಕರೆಂಟು ಹೆಚ್ಚು ಕೈಕೊಡುತ್ತದೆ. ಮೊಬೈಲ್ ಸಿಗ್ನಲ್ ಬೇಕಾದರೆ ಶಾಲೆಯ ಹಿಂದಿನ ದಿಬ್ಬ ಹತ್ತಬೇಕು.

ಲ್ಯಾಪ್‌ಟಾಪ್, ಪ್ರೊಜೆಕ್ಟರ್, ಸ್ಪೀಕರ್ ಮತ್ತು ಒಂದು ಯುಪಿಎಸ್ ಹಳೆಯ ವಿದ್ಯಾರ್ಥಿಗಳ ಕೊಡುಗೆ. 2020ರಲ್ಲಿ ಶಾಲೆಗಳು ಮುಚ್ಚಿದ್ದಾಗ ಚಂದನ ವಾಹಿನಿಯಲ್ಲಿ ಬಂದ ಸಂವೇದ ಪಾಠಗಳನ್ನು ಊರಿನ ಕೆಲವು ಮನೆಗಳ ಮಕ್ಕಳು ಮಾತ್ರ ನೋಡಲು ಸಾಧ್ಯವಾಗಿತ್ತು. ಉಳಿದವರಿಗೆ ಶಿಕ್ಷಕರೇ ಮನೆ ಬಾಗಿಲಿಗೆ, ದೇವಸ್ಥಾನದ ಜಗಲಿಗೆ ಹೋಗಿ ಸರ್ಕಾರದ ವಿದ್ಯಾಗಮ ಯೋಜನೆಯ ಹೆಸರಿನಲ್ಲಿ ಪಾಠ ಹೇಳಿದ್ದರು. ಆ ಅಂತರವನ್ನು ಕಣ್ಣಾರೆ ಕಂಡ ಹಳೆಯ ವಿದ್ಯಾರ್ಥಿಗಳು ಶಾಲೆಯಲ್ಲಿಯೇ ಎಲ್ಲರಿಗೂ ಸಿಗುವಂತೆ ಏನಾದರೂ ಇರಲಿ ಎಂದು ಹಣ ಕೂಡಿಸಿದ್ದರು. ಉದ್ದೇಶ ಚೆನ್ನಾಗಿಯೇ ಇತ್ತು.

ಮೊದಲ ವರ್ಷ ಈ ಉಪಕರಣ ಬಳಕೆಯಾದದ್ದು ವಾರಕ್ಕೊಂದು ‘ಸ್ಮಾರ್ಟ್ ಕ್ಲಾಸ್ ಪೀರಿಯಡ್’ ರೂಪದಲ್ಲಿ. ಪಠ್ಯಪುಸ್ತಕದಲ್ಲಿರುವ ಕ್ಯೂಆರ್ ಕೋಡ್ ಮೂಲಕ ಸರ್ಕಾರದ ‘ದೀಕ್ಷಾ’ ಎಂಬ ಕಲಿಕಾ ಜಾಲತಾಣದಲ್ಲಿ ಸಿಗುವ ವಿಡಿಯೊಗಳನ್ನು ಶಿಕ್ಷಕರು ಭಾನುವಾರ ಪೇಟೆಗೆ ಹೋದಾಗ ಇಳಿಸಿಕೊಂಡು ಬಂದು ತೋರಿಸುತ್ತಿದ್ದರು. ಮಕ್ಕಳು ಆ ಪೀರಿಯಡ್ಡಿಗೆ ಕಾದು ಕುಳಿತಿರುತ್ತಿದ್ದರು, ಗಲಾಟೆಯಿಲ್ಲದೆ ನೋಡುತ್ತಿದ್ದರು. ಮರುದಿನ ಪ್ರಶ್ನೆ ಕೇಳಿದರೆ ವಿಡಿಯೊದಲ್ಲಿ ಬಂದ ಆನೆಯ ಬಣ್ಣವನ್ನು ಹೇಳುತ್ತಿದ್ದರೇ ಹೊರತು, ಆ ಆನೆ ಯಾವ ಲೆಕ್ಕಕ್ಕಾಗಿ ಬಂದಿತ್ತೆಂಬುದು ಹೆಚ್ಚಿನವರಿಗೆ ನೆನಪಿರುತ್ತಿರಲಿಲ್ಲ. ಮಳೆ ಜೋರಾದ ಮೇಲೆ ಅದೂ ನಿಂತಿತು. ತಗಡಿನ ಮೇಲೆ ಬೀಳುವ ಮಳೆಯ ಸದ್ದಿನಲ್ಲಿ ಸ್ಪೀಕರಿನ ಮಾತು ಮುಂದಿನ ಸಾಲಿನವರಿಗೂ ಕೇಳುತ್ತಿರಲಿಲ್ಲ. ಬಿಡುವಿನಲ್ಲಿ ಮುಚ್ಚಿಟ್ಟ ಲೆನ್ಸಿಗೆ ಬೂಷ್ಟು ಹಿಡಿಯುವ ಲಕ್ಷಣ ಕಂಡಿದ್ದರಿಂದ, ಮುಖ್ಯ ಶಿಕ್ಷಕರು ಬೀರುವಿನೊಳಗೆ ಒಂದು ಸಣ್ಣ ಬಲ್ಬು ಉರಿಸಿಟ್ಟು ಪ್ರೊಜೆಕ್ಟರನ್ನು ಅದರ ಪಕ್ಕದಲ್ಲಿರಿಸಿದರು. ಮಲೆನಾಡಿನ ಶಾಲೆಗೆ ಉಪಕರಣ ಕೊಡುವವರು ಈ ಬಲ್ಬಿನ ಖರ್ಚನ್ನೂ ಸೇರಿಸಿಯೇ ಕೊಡುವುದು ಒಳ್ಳೆಯದು.

ಉಪಕರಣ ಕೊಟ್ಟ ಮಾತ್ರಕ್ಕೆ ಕಲಿಕೆ ಹೆಚ್ಚುವುದಿಲ್ಲ ಎಂಬುದು ಈ ಊರಿನ ಅನುಭವ ಮಾತ್ರವಲ್ಲ. ಪೆರು ದೇಶದ ಹಳ್ಳಿಶಾಲೆಗಳ ಮಕ್ಕಳಿಗೆ ದೊಡ್ಡ ಪ್ರಮಾಣದಲ್ಲಿ ಲ್ಯಾಪ್‌ಟಾಪ್ ಹಂಚಿದ ನಂತರ ನಡೆದ, 2012ರಲ್ಲಿ ಹೊರಬಂದ ಅಧ್ಯಯನದಲ್ಲಿ ಗಣಿತ ಮತ್ತು ಭಾಷೆಯ ಅಂಕಗಳಲ್ಲಿ ಗಮನಾರ್ಹ ಏರಿಕೆ ಕಾಣಲಿಲ್ಲ. ಇದಕ್ಕೆ ವಿರುದ್ಧವಾಗಿ, ದೆಹಲಿಯಲ್ಲಿ ಶಾಲೆಯ ನಂತರದ ಕೇಂದ್ರಗಳಲ್ಲಿ ಪ್ರತಿ ಮಗುವಿನ ಮಟ್ಟಕ್ಕೆ ತಕ್ಕಂತೆ ಪ್ರಶ್ನೆ ಕೊಡುವ ತಂತ್ರಾಂಶವನ್ನು ಬಳಸಿದಾಗ ಅಂಕಗಳು ಚೆನ್ನಾಗಿಯೇ ಏರಿದ್ದವೆಂದು 2019ರಲ್ಲಿ ಪ್ರಕಟವಾದ ಮತ್ತೊಂದು ಅಧ್ಯಯನ ತೋರಿಸಿತು. ಎರಡನ್ನೂ ಒಟ್ಟಿಗೆ ಓದಿದರೆ, ಯಂತ್ರ ಇದೆಯೇ ಎಂದು ಕೇಳುವುದಕ್ಕಿಂತ ಅದು ತರಗತಿಯಲ್ಲಿ ಯಾವ ಕೆಲಸ ಮಾಡುತ್ತಿದೆ ಎಂದು ಕೇಳುವುದೇ ಸರಿಯೆನಿಸುತ್ತದೆ. ಈ ಶಾಲೆಯಲ್ಲಿ ಮಗುವಿಗೊಂದು ಕಂಪ್ಯೂಟರ್ ಇರಲಿಲ್ಲ, ಇರುವ ಸಂಭವವೂ ಇರಲಿಲ್ಲ. ಇದ್ದದ್ದು ಒಂದು ಪರದೆ.

ಸದ್ದು ಬೇಡದ ಪಾಠ

ಎರಡನೆಯ ವರ್ಷದ ಬದಲಾವಣೆ ಆರಂಭವಾದದ್ದು ಮಳೆಯ ಸದ್ದಿನಿಂದಲೇ. ಕಿವಿಗೆ ಕೇಳಿಸದ ಪಾಠವನ್ನು ಕಣ್ಣಿಗೆ ಕಾಣಿಸುವಂತೆ ಮಾಡಬೇಕು, ಅದೂ ನೆಟ್ ಇಲ್ಲದೆ ನಡೆಯಬೇಕು ಎಂಬ ಒತ್ತಾಯದಿಂದ ಶಿಕ್ಷಕರು ವಿಡಿಯೊ ಬಿಟ್ಟು ಎರಡು ಉಚಿತ ತಂತ್ರಾಂಶಗಳಿಗೆ ಬಂದರು. ಒಂದು, ಜ್ಯಾಮಿತಿಯ ಚಿತ್ರಗಳನ್ನು ಎಳೆದು ಹಿಗ್ಗಿಸಿ ಕುಗ್ಗಿಸಿ ನೋಡಬಹುದಾದ ಜಿಯೋಜೀಬ್ರಾ; ಇನ್ನೊಂದು, ಅಂಕಿಗಳನ್ನು ಕೋಷ್ಟಕದಲ್ಲಿ ತುಂಬಿ ನಕ್ಷೆ ಬರೆಸಬಹುದಾದ ಲಿಬ್ರೆಆಫೀಸ್ ಕ್ಯಾಲ್ಕ್. ಎರಡನ್ನೂ ಒಮ್ಮೆ ಇಳಿಸಿಕೊಂಡರೆ ಸಾಕು, ಆಮೇಲೆ ಸಿಗ್ನಲ್ಲಿನ ಹಂಗಿಲ್ಲ.

ತುಂಬಲು ಅಂಕಿ ಎಲ್ಲಿಂದ ತರಬೇಕು ಎಂಬ ಪ್ರಶ್ನೆಗೆ ಉತ್ತರ ಅಂಗಳದಲ್ಲಿಯೇ ಸುರಿಯುತ್ತಿತ್ತು. 7ನೇ ತರಗತಿಯ ಗಣಿತದಲ್ಲಿ ಸರಾಸರಿ, ಮಧ್ಯಾಂಕ (ಕ್ರಮವಾಗಿ ಜೋಡಿಸಿದಾಗ ನಡುವೆ ಬರುವ ಅಂಕಿ), ಬಹುಲಕ (ಹೆಚ್ಚು ಬಾರಿ ಬರುವ ಅಂಕಿ) ಮತ್ತು ಸ್ತಂಭ ನಕ್ಷೆಗಳ ಪಾಠವಿದೆ. ಅದಕ್ಕೆ ಪುಸ್ತಕದ ಅಂಕಿಗಳ ಬದಲು ಶಾಲೆಯದೇ ಮಳೆ ಲೆಕ್ಕ ಸಾಕೆಂದು ಶಿಕ್ಷಕರು ನಿಶ್ಚಯಿಸಿದರು. ಒಂದು ಲೀಟರಿನ ಪ್ಲಾಸ್ಟಿಕ್ ಬಾಟಲಿ, ಅದರ ಬಾಯಿಗೆ ಕೂರಿಸಿದ ಅಗಲವಾದ ಲಾಳಿಕೆ, ಮರದ ನೆರಳಿಲ್ಲದ ಕಡೆ ನೆಟ್ಟ ಒಂದು ಗೂಟ. ಮಳೆಮಾಪಕ ಅಷ್ಟೇ.

ಮೊದಲ ದೊಡ್ಡ ಮಳೆಯ ಮರುದಿನವೇ ತೊಡಕು ಬಂತು. ಬಾಟಲಿಯ ನೀರನ್ನು ಮಕ್ಕಳು ಸ್ಕೇಲಿನಲ್ಲಿ ಅಳೆದಾಗ ಎತ್ತರ 18 ಸೆಂಟಿಮೀಟರಿಗೂ ಹೆಚ್ಚು, ಅಂದರೆ 180 ಮಿಲಿಮೀಟರಿಗೂ ಮೇಲೆ ಇತ್ತು. ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರವು ಗ್ರಾಮ ಪಂಚಾಯಿತಿಗಳಲ್ಲಿ ಅಳವಡಿಸಿರುವ ಸ್ವಯಂಚಾಲಿತ ಮಾಪಕದ ಲೆಕ್ಕವನ್ನು ಶಿಕ್ಷಕರು ದಿಬ್ಬ ಹತ್ತಿ ಮೊಬೈಲಿನಲ್ಲಿ ನೋಡಿ ಬಂದರೆ ಅದು 60ರ ಆಸುಪಾಸಿನಲ್ಲಿತ್ತು. “ಪಂಚಾಯ್ತಿಯವರ ಮಿಷನ್ನೇ ಹಾಳಾಗಿದೆ ಸಾರ್” ಎಂಬುದು ತರಗತಿಯ ಮೊದಲ ತೀರ್ಪು. ಶಿಕ್ಷಕರು ಒಪ್ಪಲೂ ಇಲ್ಲ, ಅಲ್ಲಗಳೆಯಲೂ ಇಲ್ಲ. ಸ್ವಲ್ಪ ಹೊತ್ತಿನ ಮೇಲೆ ಹಿಂದಿನ ಸಾಲಿನ ಒಬ್ಬ ಹುಡುಗಿ, “ಲಾಳಿಕೆ ಅಗಲ ಇದೆ, ಬಾಟ್ಲಿ ಸಪೂರ ಇದೆ, ಅದಕ್ಕೇ ನೀರು ಮೇಲೆ ಹೋಗಿದ್ದು” ಎಂದಳು.

ಇಲ್ಲಿ ಪರದೆ ಮೊದಲ ಬಾರಿಗೆ ನಿಜವಾಗಿ ಕೆಲಸಕ್ಕೆ ಬಂತು. ಲಾಳಿಕೆಯ ಬಾಯಿಯ ವ್ಯಾಸ 14 ಸೆಂಟಿಮೀಟರ್, ಬಾಟಲಿಯದು 8. ಶಿಕ್ಷಕರು ಜಿಯೋಜೀಬ್ರಾದಲ್ಲಿ ಎರಡು ವೃತ್ತಗಳನ್ನು ಬರೆದು, ವ್ಯಾಸವನ್ನು ಎರಡು ಪಟ್ಟು ಮಾಡಿದರೆ ವಿಸ್ತೀರ್ಣ ಎಷ್ಟು ಪಟ್ಟಾಗುತ್ತದೆ ಎಂದು ಕೇಳಿ, ಪ್ರತಿಯೊಬ್ಬರೂ ತಮ್ಮ ಊಹೆಯನ್ನು ನೋಟ್‌ಬುಕ್ಕಿನಲ್ಲಿ ಬರೆಯುವ ತನಕ ಮೌಸ್ ಮುಟ್ಟಲಿಲ್ಲ. ಬಹುತೇಕ ಎಲ್ಲರೂ ‘ಎರಡು ಪಟ್ಟು’ ಎಂದೇ ಬರೆದಿದ್ದರು. ವೃತ್ತವನ್ನು ಎಳೆದಾಗ ಪಕ್ಕದ ಅಂಕಿ ನಾಲ್ಕು ಪಟ್ಟಾದದ್ದನ್ನು ಕಂಡು, “ಇನ್ನೊಂದ್ಸಲ ಎಳೀರಿ ಸಾರ್” ಎಂದರು. ಎಳೆದರು. ಮೂರು ಪಟ್ಟು ಮಾಡಿ ನೋಡಿದರು, ಒಂಬತ್ತಾಯಿತು. ಕರಿಹಲಗೆಯ ಮೇಲೆ ಒಂದೊಂದು ವೃತ್ತವನ್ನೂ ಬರೆದು, ಅಳಿಸಿ, ಲೆಕ್ಕ ಮಾಡಿ ತೋರಿಸುವಷ್ಟರಲ್ಲಿ ಪೀರಿಯಡ್ಡು ಮುಗಿದು ಮಕ್ಕಳ ಕುತೂಹಲವೂ ಆರಿಹೋಗಿರುತ್ತಿತ್ತು. ಪರದೆಯ ಮೇಲೆ ಪ್ರಶ್ನೆಯ ಬಿಸಿ ಇರುವಾಗಲೇ ಉತ್ತರವನ್ನು ಪರೀಕ್ಷಿಸಲು ಸಾಧ್ಯವಾಯಿತು. ಪುಸ್ತಕದಲ್ಲಿ ಮುಂದೆ ಬರುವ ವೃತ್ತದ ವಿಸ್ತೀರ್ಣದ ಪಾಠವನ್ನು ಅಂದೇ ಎತ್ತಿಕೊಂಡು, ವ್ಯಾಸಾರ್ಧ 7 ಸೆಂಟಿಮೀಟರ್ ಆದ್ದರಿಂದ ಲಾಳಿಕೆಯ ಬಾಯಿ 154 ಚದರ ಸೆಂಟಿಮೀಟರ್ ಎಂದು ಮಕ್ಕಳೇ ಕಂಡುಕೊಂಡರು. ಬಾಟಲಿಯ ಅಡ್ಡಳತೆಯ ವಿಸ್ತೀರ್ಣಕ್ಕಿಂತ ಅದು ಸುಮಾರು ಮೂರು ಪಟ್ಟು; 60ರ ಮಳೆ ಬಾಟಲಿಯಲ್ಲಿ 180 ಎಂದು ಕಂಡದ್ದು ಅದಕ್ಕೇ. ಒಂದು ಮಿಲಿಲೀಟರ್ ಎಂದರೆ ಒಂದು ಘನ ಸೆಂಟಿಮೀಟರ್. ಹಾಗಾದರೆ 154 ಮಿಲಿಲೀಟರ್ ನೀರು ಸಿಕ್ಕರೆ ಮಳೆ 1 ಸೆಂಟಿಮೀಟರ್, 15.4 ಮಿಲಿಲೀಟರ್ ಸಿಕ್ಕರೆ 1 ಮಿಲಿಮೀಟರ್. ಅಂದಿನಿಂದ ಸ್ಕೇಲು ಹೋಗಿ ಔಷಧಿ ಅಂಗಡಿಯ ಅಳತೆ ಲೋಟ ಬಂತು. ಬಾಟಲಿಯ ನೀರನ್ನು ಅಳೆದು 15.4ರಿಂದ ಭಾಗಿಸುವುದು ನಿತ್ಯದ ಲೆಕ್ಕವಾಯಿತು.

ಇದೇ ಲೆಕ್ಕದಲ್ಲಿ ಮತ್ತೊಂದು ಸಂಗತಿಯೂ ಹೊರಬಿತ್ತು. ಒಂದು ಲೀಟರಿನ ಬಾಟಲಿ ತುಂಬುವುದು ಸುಮಾರು 65 ಮಿಲಿಮೀಟರ್ ಮಳೆಗೆ. ಹವಾಮಾನ ಇಲಾಖೆ ‘ಭಾರಿ ಮಳೆ’ ಎಂದು ಕರೆಯುವುದು 24 ಗಂಟೆಯಲ್ಲಿ 64.5 ಮಿಲಿಮೀಟರಿನಿಂದ ಮೇಲಕ್ಕೆ. ಅಂದರೆ ಭಾರಿ ಮಳೆ ಎನ್ನಿಸಿಕೊಳ್ಳುವ ಹೊತ್ತಿಗೆ ಸರಿಯಾಗಿ ಇವರ ಬಾಟಲಿ ತುಂಬಿ ಚೆಲ್ಲುತ್ತಿತ್ತು. ಹುಲಿಕಲ್, ಆಗುಂಬೆಯಂಥ ಊರುಗಳಿರುವ ಸೀಮೆಯಲ್ಲಿ ಅದನ್ನು ನೆಚ್ಚಿಕೊಳ್ಳುವಂತಿರಲಿಲ್ಲ. ಐದು ಲೀಟರಿನ ಎಣ್ಣೆ ಕ್ಯಾನು ತಂದು, ಅದು ಎಷ್ಟು ಮಳೆ ಹಿಡಿಯುತ್ತದೆ ಎಂದು 6ನೇ ತರಗತಿಯವರೇ ಭಾಗಾಕಾರ ಮಾಡಿ 324 ಮಿಲಿಮೀಟರಿಗೂ ತುಸು ಹೆಚ್ಚು ಎಂದು ಬರೆದಿಟ್ಟರು.

385 ಎಂಬ ಅಂಕಿ

ಪ್ರಕರಣದ ಮುಖ್ಯ ಭಾಗ ಒಂದು ಬೆರಳಚ್ಚಿನ ತಪ್ಪು. ವಾರದ ಏಳು ದಿನಗಳ ಅಂಕಿಗಳು ಮಿಲಿಮೀಟರಿನಲ್ಲಿ 42, 38.5, 61, 12, 27, 55, 33 ಎಂದಿದ್ದವು. ಕೋಷ್ಟಕಕ್ಕೆ ತುಂಬುವಾಗ ಕೀಲಿಮಣೆಯ ಮುಂದಿದ್ದ ಹುಡುಗ 38.5ರ ಚುಕ್ಕಿಯನ್ನು ಬಿಟ್ಟು 385 ಎಂದು ಒತ್ತಿದ. ಪರದೆಯ ಮೇಲೆ ಮಂಗಳವಾರದ ಕಂಬ ಒಂದೇ ಏಟಿಗೆ ಮೇಲಕ್ಕೆ ಚಿಮ್ಮಿತು, ಉಳಿದ ಆರು ಕಂಬಗಳು ಕುಗ್ಗಿ ತಳಕ್ಕೆ ಕುಳಿತವು. ತರಗತಿ ಗೊಳ್ಳೆಂದಿತು. ಹುಡುಗ ಅಳಿಸಲು ಕೈ ಹಾಕುವಷ್ಟರಲ್ಲಿ ಶಿಕ್ಷಕರು ತಡೆದು, “ಇರಲಿ ಬಿಡೋ, ಸರಾಸರಿ ಏನಾಯ್ತು ನೋಡು” ಎಂದರು.

ಸರಿಯಾದ ಅಂಕಿಗಳಿಗೆ ಸರಾಸರಿ ಸುಮಾರು 38.4 ಇತ್ತು, ಒಂದು ಚುಕ್ಕಿ ಬಿಟ್ಟಿದ್ದಕ್ಕೆ ಅದು 87.9ಕ್ಕೆ ಏರಿತ್ತು. ಆ ಒಂದು ದಿನವನ್ನು ಬಿಟ್ಟರೆ ವಾರದ ಯಾವ ದಿನವೂ 61ನ್ನು ದಾಟಿರದಿದ್ದರೂ ಸರಾಸರಿ 88ರ ಹತ್ತಿರ ಬಂದದ್ದು ಮಕ್ಕಳಿಗೆ ಅನ್ಯಾಯವೆನಿಸಿತು. ಆಗ ಶಿಕ್ಷಕರು ಅಂಕಿಗಳನ್ನು ಏರಿಕೆಯ ಕ್ರಮದಲ್ಲಿ ಜೋಡಿಸಿ ನಡುವಿನದನ್ನು ನೋಡಿರೆಂದರು. ಮಧ್ಯಾಂಕ 38.5ರಿಂದ 42ಕ್ಕೆ ಸರಿದಿತ್ತು, ಅಷ್ಟೇ. ಒಂದು ಅಂಕಿ ದಿಕ್ಕು ತಪ್ಪಿದರೂ ಮಧ್ಯಾಂಕ ಹೆಚ್ಚು ಅಲುಗಾಡುವುದಿಲ್ಲ ಎಂಬ ಮಾತನ್ನು ಹಿಂದಿನ ವರ್ಷ ಇದೇ ಶಿಕ್ಷಕರು ಹಲಗೆಯ ಮೇಲೆ ಬರೆಸಿದ್ದರಂತೆ. ಮಕ್ಕಳು ಬರೆದುಕೊಂಡೂ ಇದ್ದರಂತೆ. ಈ ಬಾರಿ ಅದನ್ನು ಯಾರೂ ಬರೆಸಲಿಲ್ಲ. ಮಕ್ಕಳೇ 385ರ ಜಾಗದಲ್ಲಿ 500, ಆಮೇಲೆ 1000, ಕೊನೆಗೆ 5000 ಹಾಕಿಸಿ, ಮಧ್ಯಾಂಕ 42ರಲ್ಲೇ ನಿಂತದ್ದನ್ನು ಕಂಡು ಇನ್ನಷ್ಟು ದೊಡ್ಡ ಅಂಕಿ ಹೇಳುತ್ತಿದ್ದರು. ಕೀಲಿಮಣೆಯಲ್ಲಿ ಅಂಕಿ ಬದಲಿಸುವುದು ಕ್ಷಣದ ಕೆಲಸವಾದ್ದರಿಂದ ಈ ಆಟಕ್ಕೆ ಅವಕಾಶವಿತ್ತು. ಪ್ರತಿ ಸಲವೂ ಕೂಡಿ ಭಾಗಿಸಿ ಸರಾಸರಿ ತೆಗೆಯಬೇಕಾಗಿದ್ದರೆ ಎರಡನೆಯ ಅಂಕಿಯನ್ನು ಯಾರೂ ಕೇಳುತ್ತಿರಲಿಲ್ಲ.

ನನ್ನ ಅಭಿಪ್ರಾಯದಲ್ಲಿ ಈ ಶಾಲೆಯಲ್ಲಿ ತಂತ್ರಜ್ಞಾನ ಮಾಡಿದ ಸಹಾಯ ಇದೊಂದೇ: ‘ಹೀಗೆ ಮಾಡಿದರೆ ಏನಾಗುತ್ತದೆ’ ಎಂದು ಕೇಳುವುದನ್ನು ಅದು ಅಗ್ಗವಾಗಿಸಿತು. ಉಳಿದ ಹೊಗಳಿಕೆಗಳೆಲ್ಲ ಇದರ ಮುಂದೆ ಸಣ್ಣವು. ವಿಡಿಯೊ ಕೂಡ ಪರದೆಯ ಮೇಲೆಯೇ ಓಡುತ್ತಿತ್ತು, ಆದರೆ ಅದಕ್ಕೆ ಮಕ್ಕಳು ಏನನ್ನೂ ಹಾಕಿ ನೋಡುವಂತಿರಲಿಲ್ಲ.

ರಜೆ, ಭಾನುವಾರ ಮತ್ತು ಖಾಲಿ ಮನೆ

ಭಾನುವಾರ ಶಾಲೆಯಿಲ್ಲ, ಸೋಮವಾರ ಸಿಗುವುದು ಎರಡು ದಿನದ ನೀರು. ಅದಕ್ಕಿಂತ ವಿಚಿತ್ರವೆಂದರೆ, ಅತಿ ಹೆಚ್ಚು ಮಳೆ ಬರುವ ದಿನಗಳಲ್ಲಿಯೇ ಶಾಲೆಗಳಿಗೆ ರಜೆ ಘೋಷಣೆಯಾಗುತ್ತದೆ. ಹೀಗಾಗಿ ದಾಖಲಾಗಲೇಬೇಕಾದ ದಿನಗಳೇ ಕೋಷ್ಟಕದಲ್ಲಿ ಖಾಲಿ ಉಳಿದವು. ಕೆಲವರು ಅಲ್ಲಿ ಸೊನ್ನೆ ತುಂಬಿದರು. ಸರಾಸರಿ ಇಳಿಯಿತು. ಸೊನ್ನೆ ಅಳಿಸಿ ಕೋಷ್ಟಕದ ಆ ಮನೆಯನ್ನು (ಚೌಕವನ್ನು) ಖಾಲಿ ಬಿಟ್ಟಾಗ ಸರಾಸರಿ ಬೇರೆಯಾಯಿತು, ಏಕೆಂದರೆ ಕ್ಯಾಲ್ಕ್ ತಂತ್ರಾಂಶವು ಸರಾಸರಿ ತೆಗೆಯುವಾಗ ಖಾಲಿ ಮನೆಗಳನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ, ಸೊನ್ನೆಯನ್ನು ಹಿಡಿಯುತ್ತದೆ. ಮಳೆ ಬರಲಿಲ್ಲ ಎನ್ನುವುದೂ ನಾವು ನೋಡಲಿಲ್ಲ ಎನ್ನುವುದೂ ಒಂದೇ ಅಲ್ಲವೆಂಬ ಬಗ್ಗೆ ಆ ದಿನ ನಡೆದ ವಾದವನ್ನು ಪದವಿ ತರಗತಿಯಲ್ಲಿಯೂ ನಾನು ಕೇಳಿಲ್ಲ. ಕೊನೆಗೆ, ಶಾಲೆಯ ಪಕ್ಕದ ಮನೆಯ ಹುಡುಗಿ ರಜೆಯ ದಿನಗಳಲ್ಲಿಯೂ ಬೆಳಿಗ್ಗೆ 8.30ಕ್ಕೆ ನೀರು ಅಳೆದು ಬರೆದಿಡುವುದೆಂದು ಗೊತ್ತಾಯಿತು. ಹವಾಮಾನ ಇಲಾಖೆಯೂ ಒಂದು ದಿನದ ಮಳೆಯನ್ನು ಬೆಳಿಗ್ಗೆ 8.30ರಿಂದ ಮರುದಿನ 8.30ರವರೆಗೆ ಲೆಕ್ಕ ಹಾಕುವುದರಿಂದ ಪಂಚಾಯಿತಿ ಮಾಪಕದ ಅಂಕಿಗೂ ಹೋಲಿಸಲು ಅನುಕೂಲವಾಯಿತು.

ಈ ಸುದ್ದಿ ಮನೆಗಳಿಗೆ ತಲುಪಿದ ಮೇಲೆ ಅಡಿಕೆ ತೋಟದ ಮನೆಗಳಿಂದ ಹಳೆಯ ಡೈರಿಗಳು ಬಂದವು. ಮಳೆ ಬರೆದಿಡುವ ರೂಢಿ ಇಲ್ಲಿನ ಕೃಷಿಕರಲ್ಲಿ ಬಹಳ ಕಾಲದಿಂದಿದೆ; ಕೊಳೆ ರೋಗಕ್ಕೆ ಬೋರ್ಡೊ ದ್ರಾವಣ ಹೊಡೆಯುವ ಹೊತ್ತು ಗೊತ್ತುಮಾಡಲು ಅದು ಬೇಕು. ಆದರೆ ಡೈರಿಗಳಲ್ಲಿದ್ದದ್ದು ಇಂಚು, ತಾರೀಕಿನ ಪಕ್ಕದಲ್ಲಿ ಮಳೆ ನಕ್ಷತ್ರದ ಹೆಸರು. “ಎಷ್ಟು ಇಂಚು ಬಂತೋ ಮಾರಾಯ, ನಿಮ್ಮ ಮಿಲಿಮೀಟರು ನಂಗೆ ಅರ್ಥ ಆಗಲ್ಲ” ಎಂದು ಅಜ್ಜನೊಬ್ಬರು ಮೊಮ್ಮಗನನ್ನು ಕೇಳಿದ್ದರಿಂದ, ಕೋಷ್ಟಕಕ್ಕೆ 25.4ರಿಂದ ಭಾಗಿಸುವ ಮತ್ತೊಂದು ಸಾಲು ಸೇರಿತು. ಮೃಗಶಿರ, ಆರ್ದ್ರಾ, ಪುನರ್ವಸು, ಪುಷ್ಯ, ಆಶ್ಲೇಷ ಎಂದು ಹದಿಮೂರು ಹದಿನಾಲ್ಕು ದಿನಗಳ ಗುಂಪು ಮಾಡಿ ಮೊತ್ತ ತೆಗೆದಾಗ, ದಿನದಿನದ ನಕ್ಷೆಯಲ್ಲಿ ಕಾಣದ ಏರಿಳಿತ ಸ್ಪಷ್ಟವಾಗಿ ಕಂಡಿತು. ದತ್ತಾಂಶವನ್ನು ವರ್ಗಾಂತರಗಳಾಗಿ ಗುಂಪು ಮಾಡುವುದನ್ನು ಮೇಲಿನ ತರಗತಿಗಳಲ್ಲಿ ಕಲಿಸುತ್ತಾರೆ. ಇಲ್ಲಿ ಅದು ಪಂಚಾಂಗದ ದಾರಿಯಲ್ಲಿ ಮೊದಲೇ ಬಂತು.

ಫಲ ಮತ್ತು ಕೊರತೆ

ಮಳೆಗಾಲದ ಕೊನೆಯಲ್ಲಿ ಶಿಕ್ಷಕರು ಮಳೆಗೆ ಸಂಬಂಧಿಸದ ಪ್ರಶ್ನೆಗಳನ್ನೇ ಕೊಟ್ಟರು. ಡೈರಿಗೆ ಹಾಕಿದ ಹಾಲಿನ ಲೆಕ್ಕದಲ್ಲಿ ಒಂದು ದಿನದ ಅಂಕಿ ತಪ್ಪಿದೆಯೆಂದು ನಕ್ಷೆ ನೋಡಿಯೇ ಗುರುತಿಸುವುದು, ಯಾವ ಲೆಕ್ಕಕ್ಕೆ ಸರಾಸರಿ ಸೂಕ್ತ ಯಾವುದಕ್ಕೆ ಮಧ್ಯಾಂಕ ಸೂಕ್ತ ಎಂದು ಕಾರಣ ಕೊಟ್ಟು ಬರೆಯುವುದು, ಇಂಥವನ್ನು 7ನೇ ತರಗತಿಯ ಹೆಚ್ಚಿನವರು ಬಿಡಿಸಿದರು. ನಿರೀಕ್ಷಿಸಿರದ ಲಾಭವೆಂದರೆ, ಅದೇ ಕೊಠಡಿಯಲ್ಲಿ ಕುಳಿತಿದ್ದ 6ನೇ ತರಗತಿಯವರಿಗೆ ದಶಮಾಂಶದ ಚುಕ್ಕಿಯ ಬೆಲೆ ಚೆನ್ನಾಗಿ ಮನದಟ್ಟಾಗಿತ್ತು. 385ರ ಕಂಬವನ್ನು ಅವರೂ ನೋಡಿದ್ದರಲ್ಲ.

ಭಾಗಾಕಾರದಲ್ಲಿ ಹಿಂದುಳಿದಿದ್ದವರು ಮಾತ್ರ ಹಿಂದೆಯೇ ಉಳಿದರು. 15.4ರಿಂದ ಭಾಗಿಸುವ ಕೆಲಸವನ್ನು ಜುಲೈ ಹೊತ್ತಿಗೆ ಯಂತ್ರಕ್ಕೆ ಒಪ್ಪಿಸಿಬಿಟ್ಟಿದ್ದರಿಂದ ಅವರ ಕಷ್ಟ ಯಾರ ಕಣ್ಣಿಗೂ ಬೀಳಲಿಲ್ಲ; ಕಾಗದದ ಮೇಲೆ ಲೆಕ್ಕ ಕೊಟ್ಟಾಗ ಬಿತ್ತು. ಆನಂತರ ವಾರದ ಮೊದಲ ಅಂಕಿಯನ್ನು ಕೈಲೆಕ್ಕದಲ್ಲಿ ಮಾಡಿ, ಉತ್ತರ ಸರಿಹೊಂದಿದ ಮೇಲಷ್ಟೇ ಉಳಿದ ಆರನ್ನು ಕೋಷ್ಟಕಕ್ಕೆ ಬಿಡುವ ಪದ್ಧತಿ ಬಂತು. ಇದು ಮೊದಲ ದಿನದಿಂದಲೇ ಇರಬೇಕಾಗಿತ್ತು. ಕೀಲಿಮಣೆಯೂ ಆರಂಭದಲ್ಲಿ ಮನೆಯಲ್ಲಿ ಮೊಬೈಲ್ ಬಳಸಿ ಅಭ್ಯಾಸವಿದ್ದ ಮೂರ್ನಾಲ್ಕು ಹುಡುಗರ ಕೈಯಲ್ಲೇ ಇತ್ತು. ನೀರು ಅಳೆಯುವವರು ಹುಡುಗಿಯರು, ಅಂಕಿ ಒತ್ತುವವರು ಹುಡುಗರು ಎಂಬ ವಿಭಾಗ ತಾನಾಗಿಯೇ ಬೇರೂರುತ್ತಿದ್ದುದನ್ನು ಗಮನಿಸಿ, ಹಾಜರಿ ಪುಸ್ತಕದ ಕ್ರಮದಲ್ಲಿ ಪಾಳಿ ಹಾಕಿದರು. 4 ಮತ್ತು 5ನೇ ತರಗತಿಗಳಿಗೆ ಈ ಉಪಕರಣದಿಂದ ಆ ವರ್ಷವೂ ವಿಶೇಷ ಪ್ರಯೋಜನವಾಗಲಿಲ್ಲ. ಅಲ್ಲಿ ಇನ್ನೂ ವಿಡಿಯೊಗಳೇ ನಡೆಯುತ್ತಿವೆ.

ಒಂದು ಮಾತನ್ನು ಹೇಳದಿರಲಾಗದು. ತಂತ್ರಜ್ಞಾನದ ಬಳಕೆ ಕುರಿತು ಶಾಲೆಗಳು ತುಂಬಿ ಕಳುಹಿಸುವ ನಮೂನೆಗಳು ಸಾಮಾನ್ಯವಾಗಿ ಕೇಳುವುದು ಎಷ್ಟು ಗಂಟೆ ಬಳಕೆಯಾಯಿತೆಂದು. ಆ ಲೆಕ್ಕದಲ್ಲಿ ಈ ಶಾಲೆಯ ಎರಡನೆಯ ವರ್ಷ ಮೊದಲ ವರ್ಷಕ್ಕಿಂತ ಕಳಪೆಯಾಗಿ ಕಾಣುತ್ತದೆ. ವಿಡಿಯೊ ಇಡೀ ಪೀರಿಯಡ್ಡು ಓಡುತ್ತಿತ್ತು, ಮಳೆಯ ಕೋಷ್ಟಕ ಪರದೆಯ ಮೇಲಿರುತ್ತಿದ್ದುದು ಹತ್ತು ಹದಿನೈದು ನಿಮಿಷ. ಯುಪಿಎಸ್ ಬ್ಯಾಟರಿ ತಡೆಯುತ್ತಿದ್ದದ್ದೂ ಅಷ್ಟೇ ಹೊತ್ತು.

ಮುಂದಿನ ವರ್ಷದ ಬಗ್ಗೆ ಶಾಲಾಭಿವೃದ್ಧಿ ಸಮಿತಿಯ ಸಭೆಯಲ್ಲಿ ಚರ್ಚೆಯಾಗಿದೆ. ಸದಸ್ಯರೊಬ್ಬರು ಇನ್ನೊಂದು ಕೊಠಡಿಗೂ ಪ್ರೊಜೆಕ್ಟರ್ ತರೋಣವೆಂದರು. ಶಿಕ್ಷಕರು ಕೇಳಿದ್ದು ಯುಪಿಎಸ್‌ಗೆ ಹೊಸ ಬ್ಯಾಟರಿ, ಒಂದು ಸರಿಯಾದ ಅಳತೆ ಜಾಡಿ ಮತ್ತು ಹಳೆಯ ಲ್ಯಾಪ್‌ಟಾಪ್ ಯಾರಲ್ಲಾದರೂ ಇದ್ದರೆ 4-5ನೇ ತರಗತಿಯ ಶಿಕ್ಷಕಿಗೆ ಕೋಷ್ಟಕ ಕಲಿಯಲು ಒಂದು. ತಾವು ವರ್ಗವಾಗಿ ಹೋದರೆ ಮಳೆ ಲೆಕ್ಕ ನಿಂತುಹೋಗಬಾರದೆಂಬುದು ಅವರು ಕೊಟ್ಟ ಕಾರಣ. ಸಮಿತಿ ಬ್ಯಾಟರಿಗೆ ಮತ್ತು ಜಾಡಿಗೆ ಒಪ್ಪಿದೆ. ಪ್ರೊಜೆಕ್ಟರಿನ ವಿಷಯವನ್ನು ಮುಂದಿನ ಸಭೆಗೆ ಇಟ್ಟಿದೆ, ಲ್ಯಾಪ್‌ಟಾಪಿಗಾಗಿ ಹಳೆಯ ವಿದ್ಯಾರ್ಥಿಗಳಿಗೆ ಪತ್ರ ಬರೆದಿದೆ.